ಕುಳ್ಳರ ಕೋಟೆ ಮುಗಿಯುವುದು ಯಾವಾಗ?

2015ರ ಡಿಸೆಂಬರ್‌ನಲ್ಲಿ ಡ್ವಾರ್ಫ್ ಫೋರ್ಟ್ರೆಸ್, ಅಂದರೆ ಕುಳ್ಳರ ಕೋಟೆ, ಎಂಬ ಕಂಪ್ಯೂಟರ್ ಆಟದೊಳಗೆ ಬೆಕ್ಕುಗಳು ಸಾಯತೊಡಗಿದವು. ಕಚ್ಚಾಟದ ಗಾಯವಿಲ್ಲ, ಹೊಟ್ಟೆಗಿಲ್ಲದೆ ಸತ್ತದ್ದೂ ಅಲ್ಲ. ವಾಂತಿ ಮಾಡಿಕೊಂಡು ಎಲ್ಲೆಂದರಲ್ಲಿ ಬಿದ್ದಿರುತ್ತಿದ್ದವು. ಆಟಗಾರರಿಂದ ದೂರು ಬಂದ ಮೇಲೆ ಆಟದ ಕರ್ತೃ ಟಾರ್ನ್ ಆಡಮ್ಸ್ ತಾವೇ ಬರೆದ ಕೋಡಿನೊಳಗೆ ಪತ್ತೇದಾರಿಗೆ ಇಳಿದರು. ಆ ತಿಂಗಳು ಬಿಟ್ಟ ಹೊಸ ಆವೃತ್ತಿಯಲ್ಲಿ ಕೋಟೆಗಳೊಳಗೆ ಹೆಂಡದಂಗಡಿಗಳು ಬಂದಿದ್ದವು. ಅಲ್ಲಿ ಕುಡಿಯುವವರು ಒಂದಿಷ್ಟು ನೆಲಕ್ಕೂ ಚೆಲ್ಲುತ್ತಿದ್ದರು. ಆ ನೆಲದ ಮೇಲೆ ಓಡಾಡಿದ ಬೆಕ್ಕಿನ ಕಾಲಿಗೆ ಹೆಂಡ ಅಂಟುತ್ತಿತ್ತು. ಬೆಕ್ಕು ತನ್ನ ಸ್ವಭಾವದಂತೆ ಕಾಲು ನೆಕ್ಕಿ ಶುಚಿ ಮಾಡಿಕೊಳ್ಳುತ್ತಿತ್ತು. ನೆಕ್ಕಿದ್ದು ಹೊಟ್ಟೆಗೆ ಹೋಗುತ್ತಿತ್ತು. ಲೆಕ್ಕ ತಪ್ಪಿದ್ದು ಒಂದೇ ಕಡೆ: ಒಂದು ಸಲ ನೆಕ್ಕಿದರೂ ಒಂದಿಡೀ ಲೋಟ ಕುಡಿದಷ್ಟು ಹೆಂಡ ಒಳಹೋಯಿತೆಂದು ಪ್ರೋಗ್ರಾಮ್ ಗುಣಿಸುತ್ತಿತ್ತು. ಬೆಕ್ಕಿನ ಮೈತೂಕಕ್ಕೆ ಅಷ್ಟು ಸಾಕು.

ಈ ಆಟದ ಬಗ್ಗೆ ಕೇಳಿರುವವರಿಗೆ ಬೆಕ್ಕಿನ ಕಥೆ ಹಳೆಯದು. ಆದರೂ ಅದನ್ನೇ ಮೊದಲಿಗೆ ಹೇಳಿದ್ದಕ್ಕೆ ಕಾರಣವಿದೆ. ಬೆಕ್ಕು ಅಮಲೇರಿ ಸಾಯಬೇಕೆಂದು ಈ ಆಟದಲ್ಲಿ ಯಾರೂ ಬರೆದಿರಲಿಲ್ಲ. ರಕ್ತ, ಕೆಸರು ಮೈಗೆ ಅಂಟಬೇಕೆಂಬ ನಿಯಮ ಎಂದೋ ಇತ್ತು. ಬೆಕ್ಕು ಮೈ ನೆಕ್ಕಬೇಕೆಂಬುದು ಇನ್ನೊಂದು. ಹೆಂಡ ಕುಡಿದರೆ ಮೈತೂಕಕ್ಕೆ ತಕ್ಕಂತೆ ಅಮಲೇರಬೇಕೆಂಬುದು ಮತ್ತೊಂದು. ಬೇರೆ ಬೇರೆ ಉದ್ದೇಶಕ್ಕೆ ಬರೆದ ಈ ನಿಯಮಗಳ ನಡುವೆ ಹೆಂಡದಂಗಡಿ ತೆರೆದದ್ದೇ ತಡ, ಅವೆಲ್ಲ ಕೂಡಿ, ಬರೆದವರಿಗೇ ಹೊಳೆಯದ ಒಂದು ಘಟನೆಯನ್ನು ಹೆತ್ತವು. ಕಂಪ್ಯೂಟರ್ ಕಥೆ ಕಟ್ಟುತ್ತದೆ ಎಂದರೆ ಇವತ್ತು ಎಲ್ಲರೂ ಕೃತಕ ಬುದ್ಧಿಮತ್ತೆಯನ್ನು ನೆನೆಯುತ್ತಾರೆ. ಇಲ್ಲಿ ಅಂಥದ್ದೇನೂ ಇಲ್ಲ. ಒಬ್ಬ ಮನುಷ್ಯ ಕೂತು ಒಂದೊಂದಾಗಿ ಬರೆದ ನಿಯಮಗಳಷ್ಟೇ ಇವೆ. 2021ರ ಹೊತ್ತಿಗೆ ಕೋಡು ಸುಮಾರು 7 ಲಕ್ಷ ಸಾಲು ದಾಟಿತ್ತು.

ಟಾರ್ನ್ ಮತ್ತು ಅವರ ಅಣ್ಣ ಜಾಕ್ ಆಡಮ್ಸ್, ಅಮೆರಿಕದ ವಾಷಿಂಗ್ಟನ್ ರಾಜ್ಯದವರು. ಈ ಆಟದ ಕೆಲಸವನ್ನು ಇಬ್ಬರೂ ಸೇರಿ 2002ರಲ್ಲಿ ಶುರು ಮಾಡಿದರು. 2006ರ ಆಗಸ್ಟ್ 8ರಂದು ಅದು ಜನರ ಕೈಗೆ ಬಂತು. ಅಂದಿನಿಂದ ಲಕ್ಷಾಂತರ ಜನ ಆಡಿದ್ದಾರೆ. ನ್ಯೂಯಾರ್ಕ್‌ನ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ 2012ರಲ್ಲಿ ತನ್ನ ಸಂಗ್ರಹಕ್ಕೆ ಮೊದಲ ಸಲ ವಿಡಿಯೊ ಆಟಗಳನ್ನು ಸೇರಿಸಿಕೊಂಡಾಗ ಆಯ್ದ 14ರಲ್ಲಿ ಪ್ಯಾಕ್‌ಮ್ಯಾನ್, ಟೆಟ್ರಿಸ್‌ಗಳ ಜೊತೆ ಇದೂ ಇತ್ತು. ಆಟ ಮಾತ್ರ ಇನ್ನೂ ಮುಗಿದಿಲ್ಲ. ಮುಗಿದಿದೆ ಎಂದು ಅಣ್ಣತಮ್ಮಂದಿರು ಹೇಳಿಯೂ ಇಲ್ಲ.

ಆಟದಲ್ಲಿರುವುದೇನು? ಯುರೋಪಿನ ಜನಪದ ಕಥೆಗಳಲ್ಲಿ ಬರುವ, ಬೆಟ್ಟದೊಳಗೆ ಗಣಿ ತೋಡುವ ಗಡ್ಡದ ಕುಳ್ಳರು ಏಳು ಜನ. ಒಂದು ಬಂಡಿ, ಒಂದಿಷ್ಟು ಕಾಳುಕಡಿ, ಒಂದೆರಡು ಗುದ್ದಲಿ, ಪೀಪಾಯಿಗಳಲ್ಲಿ ಹೆಂಡ. ಇಷ್ಟನ್ನು ಕೊಟ್ಟು ಆಟ ನಿಮ್ಮನ್ನು ಕಾಡಿನ ನಡುವೆ ಬಿಡುತ್ತದೆ. ನೆಲ ಕೊರೆದು ಕೋಟೆ ಮಾಡಬೇಕು, ಬೆಳೆ ಬೆಳೆಯಬೇಕು, ವಲಸೆ ಬಂದವರಿಗೆ ಮಲಗಲು ಜಾಗ ಕೊಡಬೇಕು, ದಂಡೆತ್ತಿ ಬಂದವರನ್ನು ತಡೆಯಬೇಕು. ನೀವು ಯಾವ ಕುಳ್ಳನನ್ನೂ ಕೈಹಿಡಿದು ನಡೆಸುವಂತಿಲ್ಲ. ಇಲ್ಲಿ ತೋಡಿ, ಅಲ್ಲಿ ಕುಲುಮೆ ಹಾಕಿ ಎಂದು ಗುರುತು ಮಾಡಬಹುದು, ಅಷ್ಟೇ. ಬಿಡುವಿದ್ದವರು ಬಂದು ಮಾಡುತ್ತಾರೆ. ನಿದ್ದೆ ಬಂದರೆ, ಬಾಯಾರಿದರೆ, ಗೆಳೆಯ ಸತ್ತ ದುಃಖದಲ್ಲಿದ್ದರೆ ಮಾಡುವುದಿಲ್ಲ. ಗೆದ್ದಿರಿ ಎಂದು ಹೇಳುವ ಕೊನೆ ಎಂಬುದು ಈ ಆಟಕ್ಕಿಲ್ಲ. ಒಂದಲ್ಲ ಒಂದು ದಿನ ಕೋಟೆ ಬೀಳುತ್ತದೆ. ‘ಸೋಲುವುದೇ ಮಜಾ’ ಎಂಬುದು ಇದನ್ನು ಆಡುವವರ ಬಾಯಲ್ಲಿ ಗಾದೆಯಾಗಿಬಿಟ್ಟಿದೆ.

ಕೋಟೆಗಿಂತ ಮೊದಲು ಲೋಕ ಹುಟ್ಟಬೇಕು. ಹೊಸ ಆಟ ಶುರು ಮಾಡಿದಾಗಲೆಲ್ಲ ಕಂಪ್ಯೂಟರ್ ಮೊದಲು ನೆಲದ ಏರುತಗ್ಗನ್ನು ರೂಪಿಸುತ್ತದೆ, ಆಮೇಲೆ ಮಳೆ ಸುರಿಸುತ್ತದೆ, ನದಿ ಹರಿಸಿ ಬೆಟ್ಟಗಳನ್ನು ಸವೆಸುತ್ತದೆ. ಎತ್ತರದ ಸಾಲಿನ ಒಂದು ಮಗ್ಗುಲು ಮಳೆಯನ್ನೆಲ್ಲ ಹೀರಿಕೊಂಡರೆ ಇನ್ನೊಂದು ಮಗ್ಗುಲು ಒಣಗುತ್ತದೆ. ಆಗುಂಬೆಯಲ್ಲಿ ಧೋ ಎಂದು ಸುರಿಯುವಾಗ ಚಿತ್ರದುರ್ಗದ ಆಕಾಶ ಬರಿದಾಗಿರುವುದನ್ನು ಕಂಡ ನಮಗೆ ಈ ಲೆಕ್ಕ ಹೊಸದಲ್ಲ. ಮಳೆ, ಉಷ್ಣತೆ, ನೀರು ಬಸಿಯುವ ಗುಣ, ಎತ್ತರ ಇವನ್ನು ಕೂಡಿಸಿದ ಮೇಲೆ ಎಲ್ಲಿ ಕಾಡು, ಎಲ್ಲಿ ಜೌಗು, ಎಲ್ಲಿ ಮರಳುಗಾಡು ಎಂದು ತೀರ್ಮಾನವಾಗುತ್ತದೆ. ಆಮೇಲೆ ಇತಿಹಾಸ ಓಡತೊಡಗುತ್ತದೆ. ನೂರಾರು ವರ್ಷಗಳ ರಾಜರು, ಯುದ್ಧಗಳು, ಮದುವೆಗಳು, ಕೊಲೆಗಳು, ಊರು ಬಿಟ್ಟು ಹೋದ ವಂಶಗಳು. ಇದಿಷ್ಟೂ ನಡೆದ ಮೇಲೆ ನಿಮ್ಮ ಏಳು ಜನ ಬಂಡಿಯಿಂದ ಇಳಿಯುತ್ತಾರೆ.

ಈ ಇತಿಹಾಸ ಹಿನ್ನೆಲೆಯ ಅಲಂಕಾರವಾಗಿ ಉಳಿಯುವುದಿಲ್ಲ ಎಂಬುದೇ ನನಗೆ ಅತಿ ಸೊಗಸಾಗಿ ಕಂಡದ್ದು. ನಿಮ್ಮ ಕೋಟೆಯ ಗೋಡೆಯ ಮೇಲೆ ಚಿತ್ರ ಕೆತ್ತಲು ಒಬ್ಬ ಕುಳ್ಳನಿಗೆ ಹೇಳಿದಿರಿ ಎನ್ನಿ. ಏನನ್ನು ಕೆತ್ತಬೇಕೆಂದು ಅವನೇ ಆರಿಸಿಕೊಳ್ಳುತ್ತಾನೆ. ಎಷ್ಟೋ ತಲೆಮಾರಿನ ಹಿಂದೆ ಯಾವುದೋ ರಾಣಿಯನ್ನು ಡ್ರ್ಯಾಗನ್ ಕೊಂದದ್ದನ್ನು ಕೆತ್ತಬಹುದು. ಹೋದ ವರ್ಷ ನಿಮ್ಮದೇ ಕೋಟೆಯ ಅಡುಗೆಯವನು ಬಾವಿಗೆ ಬಿದ್ದು ಸತ್ತದ್ದನ್ನೂ ಕೆತ್ತಬಹುದು. ಕೆಲವೊಮ್ಮೆ ಒಬ್ಬ ಕುಳ್ಳನಿಗೆ ಮೈಮೇಲೆ ಬಂದಂತಾಗುತ್ತದೆ. ಮಾತು ಬಿಟ್ಟು, ಊಟ ಬಿಟ್ಟು, ಒಂದು ಕಾರ್ಖಾನೆಯನ್ನು ತನ್ನದೆಂದು ಹಿಡಿದು ಕೂರುತ್ತಾನೆ. ಇಂಥ ಕಲ್ಲು ಬೇಕು, ಇಂಥ ಮೂಳೆ ಬೇಕು, ರೇಷ್ಮೆ ಬೇಕು ಎನ್ನುತ್ತಾನೆ. ಎಲ್ಲ ಸಿಕ್ಕರೆ ಲೋಕದಲ್ಲಿ ಎರಡನೆಯದಿಲ್ಲದ ಒಂದು ವಸ್ತು ಮಾಡಿ ಎದ್ದು ಬರುತ್ತಾನೆ. ಸಿಗದಿದ್ದರೆ ಹುಚ್ಚನಾಗುತ್ತಾನೆ. ಕಲಾವಿದರ ಕುರಿತು ಯಾವ ವಿಮರ್ಶಕರೂ ಹೀಗೆ ಇಷ್ಟು ಚಿಕ್ಕದಾಗಿ ಹೇಳಿದ ನೆನಪು ನನಗಿಲ್ಲ.

ಇಷ್ಟೆಲ್ಲ ನಡೆಯುವಾಗ ಪರದೆಯ ಮೇಲೆ ಕಾಣುವುದೇನು? 16 ವರ್ಷಗಳ ಕಾಲ ಕಂಡದ್ದು ಬರೀ ಅಕ್ಷರ, ಚಿಹ್ನೆಗಳು. ಕುಳ್ಳನೆಂದರೆ ಒಂದು ನಗುಮುಖದ ಗುರುತು, ಬೆಕ್ಕೆಂದರೆ ಇಂಗ್ಲಿಷಿನ ಚಿಕ್ಕ ಸಿ ಅಕ್ಷರ, ಆನೆಯೆಂದರೆ ದೊಡ್ಡ ಇ. ಡಾಸ್ ಕಾಲದ ಕಂಪ್ಯೂಟರಿನ ಅಕ್ಷರಮಾಲೆಯೇ ಚಿತ್ರಕಲೆ. ಆದರೆ ಆ ಅಕ್ಷರದ ಹಿಂದೆ ಚರ್ಮ, ಕೊಬ್ಬು, ಸ್ನಾಯು, ಮೂಳೆ ಎಂದು ಪದರ ಪದರವಾಗಿ ದೇಹವಿತ್ತು, ಒಂದೊಂದು ಬೆರಳಿಗೂ ಹಲ್ಲಿಗೂ ಲೆಕ್ಕವಿತ್ತು. ನೀರಿಗೆ ಒಂದರಿಂದ ಏಳರವರೆಗೆ ಮಟ್ಟಗಳು. ಅದಕ್ಕೆ ಒತ್ತಡವೂ ಉಂಟು, ಹಾಗಾಗಿ ನದಿಯ ತಳಕ್ಕೆ ತಿಳಿಯದೆ ಸುರಂಗ ಕೊರೆದವನ ಕೋಟೆಯೊಳಗೆ ನೀರು ಮೇಲಿನ ಅಂತಸ್ತಿಗೂ ನುಗ್ಗುತ್ತದೆ. ಚಿತ್ರಕ್ಕೆ ಹೋಗಬೇಕಾದ ಶ್ರಮವನ್ನೆಲ್ಲ ಲೆಕ್ಕಕ್ಕೆ ಹಾಕಿದ್ದರಿಂದಲೇ ಇಬ್ಬರಿಂದ ಇಷ್ಟನ್ನು ಕಟ್ಟಲಾಯಿತು. ದೊಡ್ಡ ಕಂಪನಿಯೊಂದರಲ್ಲಿ ಬೆಕ್ಕು ಕಾಲು ನೆಕ್ಕಬೇಕೆಂದರೆ ಚಿತ್ರಗಾರ, ಚಲನೆ ಕೂಡಿಸುವವನು, ಧ್ವನಿಯವನು ಎಲ್ಲರೂ ಬೇಕು. ಟಾರ್ನ್ ಅವರಿಗೆ ಕೆಲವೇ ಸಾಲು ಕೋಡು ಸಾಕಿತ್ತು.

ಹಾಗೆಂದು ಈ ಆಟದ ಆಗಿನ ಕೀಲಿಮಣೆ ವ್ಯವಸ್ಥೆಯನ್ನು ನಾನು ಸಮರ್ಥಿಸಲಾರೆ. ಒಂದು ಪಟ್ಟಿಯಲ್ಲಿ ಮೇಲೆ ಕೆಳಗೆ ಹೋಗಲು ಒಂದು ಕೀಲಿ, ಪಕ್ಕದ ಪಟ್ಟಿಯಲ್ಲಿ ಅದಕ್ಕೇ ಬೇರೆ ಕೀಲಿ. ಮೌಸ್ ಇದ್ದೂ ಇಲ್ಲದಂತಿತ್ತು. ಅಭಿಮಾನಿಗಳು ಇದನ್ನೂ ತಪಸ್ಸಿನ ಭಾಗವೆಂದು ಹೊಗಳಿದ್ದುಂಟು. ಅದು ಬರೀ ಅಸಡ್ಡೆ. ಹೊಸ ವೈಶಿಷ್ಟ್ಯ ಸೇರಿಸುವ ಖುಷಿಯಲ್ಲಿ ಹಳೆಯದನ್ನು ನೇರ ಮಾಡುವ ಬೇಸರದ ಕೆಲಸ ಹಿಂದೆ ಬಿತ್ತು. ಕೋಟೆಯಲ್ಲಿ ಜನ ಹೆಚ್ಚಿದಂತೆ ಪ್ರತಿಯೊಬ್ಬರೂ ಎಲ್ಲಿಗೆ ಯಾವ ದಾರಿಯಲ್ಲಿ ಹೋಗಬೇಕೆಂದು ಪ್ರೊಸೆಸರ್ ಲೆಕ್ಕ ಹಾಕುತ್ತಲೇ ಇರಬೇಕು, ಕೊನೆಗೆ ಆಟ ಕುಂಟತೊಡಗುತ್ತದೆ. ಶತ್ರುಗಳ ದಾಳಿಗಿಂತ ಹೆಚ್ಚು ಕೋಟೆಗಳು ಈ ನಿಧಾನದಿಂದಲೇ ಬಿಟ್ಟುಹೋಗಿರಬೇಕು.

ಮುಗಿಯದ ಆಟ ಎಂದೆನಲ್ಲ, ಅದರಲ್ಲೂ ಒಂದು ಲೆಕ್ಕಾಚಾರವಿತ್ತು. ಅಣ್ಣತಮ್ಮಂದಿರು ನೂರು ಮುಖ್ಯ ಗುರಿಗಳ ಪಟ್ಟಿ ಹಾಕಿಕೊಂಡಿದ್ದರು. ಎಷ್ಟು ಗುರಿ ಮುಟ್ಟಿತೋ ಆವೃತ್ತಿಯ ಸಂಖ್ಯೆ ಅಷ್ಟು. 2010ರಲ್ಲಿ 0.31, 2014ರಲ್ಲಿ 0.40, 2020ರಲ್ಲಿ 0.47. ನೂರು ತುಂಬಿದಾಗ ಆವೃತ್ತಿ 1. ಅದಕ್ಕೆ ಇನ್ನೂ ಕನಿಷ್ಠ ಎರಡು ದಶಕ ಬೇಕೆಂದು 2011ರಲ್ಲೇ ಟಾರ್ನ್ ಹೇಳಿದ್ದರು, ಆಗ ಅವರು ಮೂವತ್ತರ ಆಸುಪಾಸಿನಲ್ಲಿದ್ದರು. ಗುರಿಗಳು ಹುಟ್ಟುವ ಬಗೆಯೂ ವಿಚಿತ್ರ. ಜಾಕ್ ಒಂದು ಸಣ್ಣ ಕಥೆ ಬರೆಯುತ್ತಾರೆ. ಇಬ್ಬರೂ ಕೂತು ಅದನ್ನು ಬಿಡಿಸಿ ನೋಡುತ್ತಾರೆ: ಈ ಕಥೆಯಲ್ಲಿ ನಡೆದ ಯಾವುದು ನಮ್ಮ ಆಟದಲ್ಲಿ ತಾನಾಗಿ ನಡೆಯಲಾರದು? ಮಗ ಅಪ್ಪನ ಕತ್ತಿಯನ್ನು ಹುಡುಕಿಕೊಂಡು ಹೊರಟನೇ? ಹಾಗಾದರೆ ಆಟಕ್ಕೆ ವಸ್ತುವಿನ ಒಡೆತನದ ನೆನಪು ಬೇಕು. ಸುಳ್ಳು ಹೇಳಿ ತಪ್ಪಿಸಿಕೊಂಡನೇ? ಹಾಗಾದರೆ ಯಾರಿಗೆ ಏನು ಗೊತ್ತು, ಏನು ಗೊತ್ತಿಲ್ಲ ಎಂಬ ಲೆಕ್ಕ ಬೇಕು. ಅಣ್ಣ ಬರೆದ ಕಥೆ ತಮ್ಮನಿಗೆ ಹೊರೆಯಾಗಿ ಬರುತ್ತದೆ.

ಸೇರಿಸಿದ್ದೆಲ್ಲ ಉಳಿದಿಲ್ಲ. ಹಿಂದೊಮ್ಮೆ ಕೋಟೆಯೊಳಗೆ ನಾಣ್ಯದ ವ್ಯವಹಾರ ತಂದಿದ್ದರು. ಕುಳ್ಳರಿಗೆ ಕೂಲಿ ಸಿಗುತ್ತಿತ್ತು, ಅವರು ಕೋಣೆಗೆ ಬಾಡಿಗೆ ಕಟ್ಟಬೇಕಿತ್ತು. ಕಟ್ಟಲಾಗದವರು ಹೊರಬಿದ್ದರು. ಹಂಚಿಹೋದ ನಾಣ್ಯಗಳನ್ನು ಚೂರುಚೂರಾಗಿ ಹೊತ್ತು ಓಡಾಡುವುದರಲ್ಲೇ ಎಲ್ಲರ ಹೊತ್ತು ಕಳೆದು ಕೋಟೆಯ ಕೆಲಸ ನಿಂತುಹೋಗುತ್ತಿತ್ತು. 2010ರ ಆವೃತ್ತಿಯಲ್ಲಿ ಅದನ್ನು ತೆಗೆದುಹಾಕಿದರು. ಇನ್ನೊಂದು ಕಾಲದಲ್ಲಿ ಕಾರ್ಪ್ ಮೀನುಗಳು ಭಯಂಕರವಾಗಿದ್ದವು. ಅಭ್ಯಾಸ ಮಾಡಿದಷ್ಟೂ ಬಲ ಹೆಚ್ಚುವುದೆಂಬ ನಿಯಮ ಕುಳ್ಳರಿಗೆಂದು ಬರೆದದ್ದು, ಈಜುವ ಮೀನಿಗೂ ತಗುಲಿತ್ತು. ಹುಟ್ಟಿದಾಗಿನಿಂದ ಈಜುವುದೇ ಅದರ ಕೆಲಸ, ಹಾಗಾಗಿ ನದಿಯಲ್ಲಿದ್ದ ಮೀನೆಲ್ಲ ಜಟ್ಟಿಗಳಾದವು. ನೀರು ಕುಡಿಯಲು ಬಂದ ಕುಳ್ಳರನ್ನು ಹಿಡಿದು ಕೊಲ್ಲುತ್ತಿದ್ದವು.

ಇಂಥ ಎಡವಟ್ಟುಗಳನ್ನು ಜನ ಹೇಗೆ ಸಹಿಸಿಕೊಂಡರು? ದುಡ್ಡು ಕೊಟ್ಟಿರಲಿಲ್ಲ, ಅದಕ್ಕೆ. ಟಾರ್ನ್ ಸ್ಟ್ಯಾನ್‌ಫರ್ಡ್‌ನಲ್ಲಿ ಗಣಿತದ ಪಿಎಚ್‌.ಡಿ. ಮುಗಿಸಿ, ಟೆಕ್ಸಸ್‌ನಲ್ಲಿ ಸಂಶೋಧನೆಯ ಕೆಲಸಕ್ಕೆ ಸೇರಿ, ಅದನ್ನು ಬಿಟ್ಟು ಬಂದವರು. ಆಟ ಉಚಿತವಾಗಿತ್ತು. ಇಷ್ಟಪಟ್ಟವರು ಕೈಲಾದಷ್ಟು ಕೊಡಬಹುದಿತ್ತು. ಕೊಟ್ಟವರಿಗೆ ಪ್ರತಿಯಾಗಿ ಕ್ರೇಯಾನ್‌ನಲ್ಲಿ ಬರೆದ ಒಂದು ಚಿತ್ರ ಅಥವಾ ಅವರಿಗಾಗಿಯೇ ಬರೆದ ಒಂದು ಪುಟ್ಟ ಕಥೆ ಹೋಗುತ್ತಿತ್ತು. ಹದಿನೈದು ವರ್ಷ ಇಬ್ಬರ ಬದುಕು ಹೀಗೆಯೇ ನಡೆಯಿತು. ಅವರ ಖರ್ಚು ಕಡಿಮೆ, ಬಂಡವಾಳ ಹಾಕಿದವರು ಯಾರೂ ಇಲ್ಲ, ಕೊಡುವ ತಾರೀಕೂ ಇಲ್ಲ. ಈ ಆಟ ಅರ್ಧದಲ್ಲಿ ಸಾಯದೆ ಉಳಿದದ್ದಕ್ಕೆ ಪ್ರತಿಭೆಯಷ್ಟೇ ಈ ಹಣಕಾಸಿನ ಸ್ಥಿತಿಯೂ ಕಾರಣ ಎಂದು ನಾನು ನಂಬುತ್ತೇನೆ.

ಅದನ್ನು ಅಳೆಯಲು ಪಕ್ಕದ ಮನೆಗಳನ್ನು ನೋಡಿದರೆ ಸಾಕು. ಆಟ ತಯಾರಾಗುತ್ತಿರುವಾಗಲೇ ಮಾರುವ ಪದ್ಧತಿ ಈಗ ಮಾಮೂಲು. ಸ್ಟೀಮ್ ಎಂಬ ದೊಡ್ಡ ಆನ್‌ಲೈನ್ ಮಳಿಗೆ 2013ರ ಮಾರ್ಚ್‌ನಲ್ಲಿ ಅದಕ್ಕೆಂದೇ ‘ಅರ್ಲಿ ಆಕ್ಸೆಸ್’ ಎಂಬ ವಿಭಾಗ ತೆರೆಯಿತು. ಪೂರ್ತಿಯಾಗದ ಆಟವನ್ನು ಇವತ್ತೇ ಕೊಳ್ಳಿ, ಆಡುತ್ತಾ ಸಲಹೆ ಕೊಡಿ, ಮುಗಿದ ಮೇಲೆ ಪೂರ್ತಿ ಆಟ ನಿಮ್ಮದೇ. ಒಳ್ಳೆಯ ಫಲವೂ ಬಂದಿದೆ. ಕುಳ್ಳರ ಕೋಟೆಯಿಂದ ಸ್ಫೂರ್ತಿ ಪಡೆದ ರಿಮ್‌ವರ್ಲ್ಡ್ 2013ರಲ್ಲಿ ಜನರಿಂದ ಹಣ ಕೂಡಿಸಿ ಶುರುವಾಗಿ 2018ರಲ್ಲಿ ಮುಗಿಯಿತು. ಜೆಕ್ ದೇಶದ ಫ್ಯಾಕ್ಟೋರಿಯೊ ಅದೇ 2013ರಲ್ಲಿ ಹಣ ಕೇಳಿ 2020ರಲ್ಲಿ ಪೂರ್ತಿಯಾಯಿತು. ರಿಯಾಯಿತಿ ದರದಲ್ಲಿ ಎಂದೂ ಮಾರುವುದಿಲ್ಲ ಎಂಬ ಹಟವನ್ನೂ ಅದರ ತಂಡ ಹಿಡಿದಿದೆ.

ಕೈಕೊಟ್ಟವೂ ಇವೆ. ಡಬಲ್ ಫೈನ್ ಎಂಬ ಹೆಸರಾಂತ ಅಮೆರಿಕನ್ ಸಂಸ್ಥೆ 2013ರ ಅಕ್ಟೋಬರ್‌ನಲ್ಲಿ ಬಾಹ್ಯಾಕಾಶ ನೆಲೆ ಕಟ್ಟುವ ‘ಸ್ಪೇಸ್‌ಬೇಸ್ ಡಿಎಫ್-9’ ಎಂಬ ಆಟವನ್ನು ಅರ್ಧ ಸ್ಥಿತಿಯಲ್ಲೇ ಮಾರಿತು. ಇದರ ಮೇಲೂ ಡ್ವಾರ್ಫ್ ಫೋರ್ಟ್ರೆಸ್‌ನ ಪ್ರಭಾವ ಇತ್ತು. ಮುಂದೆ ಸೇರಿಸುವ ಅಂಶಗಳ ಉದ್ದನೆಯ ಪಟ್ಟಿಯೂ ಇತ್ತು. ಒಂದು ವರ್ಷದೊಳಗೆ, ಬರುವ ಹಣಕ್ಕಿಂತ ಮಾಡುವ ಖರ್ಚು ಹೆಚ್ಚಾಗುತ್ತಿದೆ ಎಂದು, ಇದ್ದದ್ದಕ್ಕೇ ಆವೃತ್ತಿ 1 ಎಂಬ ಚೀಟಿ ಅಂಟಿಸಿ ಕೈತೊಳೆದುಕೊಂಡಿತು. ಕೋಡಿನ ಒಂದು ಭಾಗವನ್ನು ಆಟಗಾರರಿಗೇ ಬಿಟ್ಟುಕೊಟ್ಟಿತು, ಬೇಕಿದ್ದರೆ ನೀವೇ ಮುಂದುವರಿಸಿಕೊಳ್ಳಿ ಎಂಬಂತೆ. 2023ರ ಫೆಬ್ರುವರಿಯಲ್ಲಿ 50 ಡಾಲರ್ ಬೆಲೆಗೆ ಅರ್ಧಂಬರ್ಧ ಬಂದ ‘ಕೆರ್ಬಲ್ ಸ್ಪೇಸ್ ಪ್ರೋಗ್ರಾಮ್ 2’ರ ಕಥೆ ಇನ್ನೂ ಕಹಿ. ಮರುವರ್ಷವೇ ಅದನ್ನು ಕಟ್ಟುತ್ತಿದ್ದ ಸ್ಟುಡಿಯೊಗೆ ಬೀಗ ಬಿತ್ತು.

ಇವುಗಳ ನಡುವಿನ ವ್ಯತ್ಯಾಸ ಪ್ರಾಮಾಣಿಕತೆಯದು ಎಂದು ಹೇಳುವುದು ಸುಲಭ, ಆದರೆ ನ್ಯಾಯವಲ್ಲ. ಡಬಲ್ ಫೈನ್‌ನವರು ಮೋಸಗಾರರಲ್ಲ. ಅವರು ತಿಂಗಳು ತಿಂಗಳು ಒಂದು ತಂಡಕ್ಕೆ ಸಂಬಳ ಕೊಡಬೇಕಿತ್ತು, ಆ ಸಂಬಳವನ್ನು ನಾಳಿನ ಆಟದ ಮಾತು ಕೊಟ್ಟು ಇವತ್ತಿನ ಗಿರಾಕಿಯಿಂದ ಎತ್ತುತ್ತಿದ್ದರು. ಮಾತು ಕೊಟ್ಟು ತಂದ ಹಣ ಸಾಲವೇ. ಮಾರಾಟ ಇಳಿದ ದಿನ ಸಾಲ ತೀರಿಸಲು ದಾರಿಯಿಲ್ಲ. ಆಡಮ್ಸ್ ಸಹೋದರರ ಪ್ರತಿ ಆವೃತ್ತಿಯೂ ಆವತ್ತಿನ ಮಟ್ಟಿಗೆ ಪೂರ್ತಿ ಆಡಬಹುದಾದ ಆಟವಾಗಿತ್ತು. ಮುಂದಿನದಕ್ಕೆ ಯಾರೂ ಮುಂಗಡ ಕೊಟ್ಟಿರಲಿಲ್ಲ. ಆಡಿದವರು ಹಿಂದೆ ಸಿಕ್ಕ ಖುಷಿಗೆ ಕಾಣಿಕೆ ಹಾಕುತ್ತಿದ್ದರು. ಅರ್ಧ ಆಟ ಕೊಳ್ಳುವ ಮುನ್ನ ನಾನೀಗ ಕೇಳಿಕೊಳ್ಳುವುದು ಇಷ್ಟೇ: ನಾಳೆ ಇವರು ಕೆಲಸ ನಿಲ್ಲಿಸಿದರೂ ಇವತ್ತು ಇರುವುದಕ್ಕೆ ಈ ಬೆಲೆ ಕೊಡುತ್ತೇನೆಯೇ?

ಕೊನೆಗೆ ಅಣ್ಣತಮ್ಮಂದಿರೂ ಮಾರಾಟಕ್ಕೆ ಇಳಿದರು. ಜಾಕ್‌ಗೆ ಚರ್ಮದ ಕ್ಯಾನ್ಸರ್ ಆಗಿ ಚಿಕಿತ್ಸೆಯಾಯಿತು. ಅಮೆರಿಕದಲ್ಲಿ ವಿಮೆಯಿಲ್ಲದವನಿಗೆ ಆಸ್ಪತ್ರೆಯ ಬಿಲ್ಲು ಮನೆ ಮುಳುಗಿಸಬಲ್ಲದು. ಟಾರ್ನ್ ಅವರಿಗೆ ತಮ್ಮ ಸ್ಥಿತಿಯೂ ಕಣ್ಣಿಗೆ ಕಟ್ಟಿತು. 2019ರ ಮಾರ್ಚ್‌ನಲ್ಲಿ, ಕೆನಡಾದ ಮಾಂಟ್ರಿಯಲ್‌ನ ಕಿಟ್‌ಫಾಕ್ಸ್ ಗೇಮ್ಸ್ ಎಂಬ ಪುಟ್ಟ ಸಂಸ್ಥೆಯ ಮೂಲಕ ಸ್ಟೀಮ್‌ಗೆ ಬರುತ್ತೇವೆಂದು ಸಾರಿದರು. ಅಕ್ಷರಗಳ ಜಾಗಕ್ಕೆ ಚಿತ್ರಗಳು, ಮೌಸ್, ಸಂಗೀತ ಎಲ್ಲ ಸೇರಿಸಲು ಮೂರೂವರೆ ವರ್ಷಕ್ಕೂ ಹೆಚ್ಚು ಹಿಡಿಯಿತು. 2022ರ ಡಿಸೆಂಬರ್ 6ರಂದು ಸುಮಾರು 30 ಡಾಲರ್ ಬೆಲೆಗೆ ಆಟ ಬಂತು. ಆ ತಿಂಗಳಲ್ಲೇ ಹತ್ತಿರ ಹತ್ತಿರ 5 ಲಕ್ಷ ಪ್ರತಿ ಹೋದವು. ತಮ್ಮ ತಿಂಗಳ ಆದಾಯವನ್ನು ಬಹಿರಂಗವಾಗಿ ಬರೆಯುವುದು ಇವರ ಹಳೆಯ ರೂಢಿ. ಹಿಂದಿನ ತಿಂಗಳು 15 ಸಾವಿರ ಡಾಲರ್ ಚಿಲ್ಲರೆ ಇದ್ದದ್ದು 2023ರ ಜನವರಿಯಲ್ಲಿ 72 ಲಕ್ಷ ಡಾಲರ್ ಆಗಿತ್ತು. ಅಕ್ಷರಗಳ ಹಳೆಯ ರೂಪ ಈಗಲೂ ಉಚಿತವಾಗಿಯೇ ಸಿಗುತ್ತದೆ.

ಇಷ್ಟು ಹಣ ಬಂದ ಮೇಲೆ ಏನಾಯಿತು? ನೂರಾರು ಜನರ ಸ್ಟುಡಿಯೊ ಎದ್ದು ನಿಲ್ಲಲಿಲ್ಲ. ಎರಡನೆಯ ಪ್ರೋಗ್ರಾಮರ್ ಒಬ್ಬರು ಬಂದರು. ಅವರು ಬಂದ ಮೇಲೆ, ಪ್ರೊಸೆಸರಿನ ಹಲವು ಭಾಗಗಳಿಗೆ ಕೆಲಸ ಹಂಚಿ ಆಟವನ್ನು ಚುರುಕು ಮಾಡುವಂಥ, ವರ್ಷಾನುಗಟ್ಟಲೆ ಉಳಿದಿದ್ದ ಕೆಲಸಗಳು ಕದಲಿದವು. ಕೋಟೆ ಕಟ್ಟುವ ಬದಲು ಒಬ್ಬನೇ ಸಾಹಸಿಯಾಗಿ ಅದೇ ಲೋಕದಲ್ಲಿ ಅಲೆಯುವ ಬಗೆಯೊಂದು ಹಳೆಯ ರೂಪದಲ್ಲಿತ್ತು, ಸ್ಟೀಮ್ ರೂಪಕ್ಕೆ ಅದು ಪೂರ್ತಿಯಾಗಿ ಬಂದದ್ದು 2025ರ ಜನವರಿಯಲ್ಲಿ. ಆವೃತ್ತಿಯ ಸಂಖ್ಯೆಯ ಮುಂದಿನ ಸೊನ್ನೆಯನ್ನು ಮಾತ್ರ ಕಿತ್ತುಹಾಕಿದ್ದಾರೆ, ಈಗ ಅದು 50ರಿಂದ ಮೇಲಕ್ಕೆ ಎಣಿಸುತ್ತದೆ. ಅರ್ಧ ದಾರಿ ಬಂದಿದ್ದೇವೆ ಎಂದು ಅದನ್ನು ಓದಿಕೊಳ್ಳಲು ಅಡ್ಡಿಯಿಲ್ಲ.

ಮುಂದಿರುವ ದೊಡ್ಡ ಕೆಲಸ ಪುರಾಣದ್ದು. ಈಗ ಲೋಕ ಹುಟ್ಟುವುದು ಮಣ್ಣು, ಮಳೆಯಿಂದ. ಅದಕ್ಕೂ ಮುಂಚೆ ಆ ಲೋಕಕ್ಕೆ ತನ್ನದೇ ಸೃಷ್ಟಿಕಥೆ ಇರಬೇಕು, ದೇವತೆಗಳ ಜಗಳದಿಂದಲೋ ಒಡೆದ ಮೊಟ್ಟೆಯಿಂದಲೋ ಅದು ಹುಟ್ಟಿರಬೇಕು, ಆ ಕಥೆಗೆ ತಕ್ಕಂತೆ ಆ ಲೋಕದ ಮಾಟಮಂತ್ರದ ನಿಯಮಗಳು ಬೇರೆಯಾಗಬೇಕು ಎಂಬುದು ಟಾರ್ನ್ ಅವರ ಆಸೆ. ಸೃಷ್ಟಿಕಥೆ ಹೆಣೆಯುವ ಒಂದು ಮಾದರಿಯನ್ನು ಅವರು 2016ರಲ್ಲೇ ಮಾಡಿ ತೋರಿಸಿದ್ದರು. ಅದನ್ನು ಆಟದೊಳಗೆ ತರಬೇಕಾದರೆ ಭೂಪಟದ ಅಡಿಪಾಯವನ್ನೇ ಕಿತ್ತು ಹೊಸದಾಗಿ ಬರೆಯಬೇಕು.

ಅಲ್ಲಿಯವರೆಗೆ ಕಾಯಬೇಕಿಲ್ಲ. ಮೊದಲ ಸಲ ಆಡುವವರು ಉಚಿತದ್ದನ್ನೇ ಇಳಿಸಿಕೊಂಡು ರುಚಿ ನೋಡಬಹುದು. ಅಕ್ಷರಗಳನ್ನು ಕಂಡು ತಲೆ ಸುತ್ತಿದರೆ ಆಮೇಲೆ ಚಿತ್ರದ್ದಕ್ಕೆ ಹೋದರಾಯಿತು. ಲ್ಯಾಪ್‌ಟಾಪ್ ಹಳೆಯದಾಗಿದ್ದರೆ ಲೋಕವನ್ನು ಚಿಕ್ಕದಾಗಿ, ಇತಿಹಾಸವನ್ನು ನೂರು ವರ್ಷದೊಳಗೆ ಇಟ್ಟುಕೊಳ್ಳಿ. ಜಾಗ ಆರಿಸುವಾಗ ನೆಲದಡಿಯಲ್ಲಿ ಜಲಪದರ ಇದೆ ಎಂದು ಆಟ ತಾನಾಗಿಯೇ ಎಚ್ಚರಿಸಿದರೆ ಬೇರೆ ಕಡೆ ನೋಡಿ. ಬೆಳೆಗೆ ಅಣಬೆ ಸಾಕು, ನೆಲದೊಳಗೆ ಕತ್ತಲಲ್ಲೂ ಬೆಳೆಯುತ್ತದೆ, ಅದರಿಂದಲೇ ಹೆಂಡವೂ ಆಗುತ್ತದೆ. ಹೆಂಡ ಮುಗಿಯದಂತೆ ನೋಡಿಕೊಳ್ಳಿ, ಅದಿಲ್ಲದೆ ಕುಳ್ಳರ ಕೈ ಓಡುವುದಿಲ್ಲ.